ಪ್ರಭಾರದ ಕುರ್ಚಿ

ಬಾಣಂತನಕ್ಕೆಂದು ಅಮೆರಿಕಕ್ಕೆ ಹೋಗುವ ನಮ್ಮಂಥ ಅಮ್ಮಂದಿರಿಗೆ ಆ ದೇಶ ಕಾಣಿಸುವುದೇ ರಾತ್ರಿ ಹೊತ್ತಿನಲ್ಲಿ. ಹಗಲು ಪೂರ್ತಿ ಅಡಿಗೆ, ಬಟ್ಟೆ, ಎಣ್ಣೆನೀರು, ಬಾಣಂತಿಗೆ ಮೆಣಸಿನ ಸಾರು, ಓಮದ ಕಷಾಯ. ಊರಿನಲ್ಲಿ ಮಾಡಿಕೊಂಡು ಬಂದದ್ದನ್ನೇ ಬೇರೊಂದು ಒಲೆಯ ಮೇಲೆ ಮಾಡುವುದು, ಅಷ್ಟೆ. ರಾತ್ರಿಯಾದರೆ ಹಾಗಲ್ಲ. ಮಗಳೂ ಅಳಿಯನೂ ಸುಸ್ತಾಗಿ ಮಲಗಿರುತ್ತಾರೆ. ಕೂಸಿಗೆ ನಿದ್ದೆ ಇಲ್ಲ, ಹಗಲು ರಾತ್ರಿ ಅದಲುಬದಲಾದ ಅಜ್ಜಿಗೂ ನಿದ್ದೆ ಇಲ್ಲ. 2014ರ ಆಗಸ್ಟ್ ತಿಂಗಳಿನಲ್ಲಿ ನ್ಯೂಜೆರ್ಸಿಯ ಆ ಮನೆಯಲ್ಲಿ ನಾನು ಮೊಮ್ಮಗನನ್ನು ತೊಡೆಯ ಮೇಲೆ ಹಾಕಿಕೊಂಡು, ಟೀವಿಯ ದನಿ ಪೂರ್ತಿ ತಗ್ಗಿಸಿ, ಕಾಲು ಅಲ್ಲಾಡಿಸುತ್ತ ಕೂತಿರುತ್ತಿದ್ದೆ.

ಹನ್ನೊಂದೂವರೆ ದಾಟಿತೆಂದರೆ ಒಂದು ಪರದೆ ಸರಿಯುತ್ತಿತ್ತು. ಸೂಟು ಹಾಕಿದ ಗಂಡಸೊಬ್ಬ ಬಂದು ನಿಂತು ಏನೋ ಹೇಳುತ್ತಿದ್ದ, ಜನ ನಗುತ್ತಿದ್ದರು. ಆಮೇಲೆ ಒಂದು ಮೇಜಿನ ಹಿಂದೆ ಹೋಗಿ ಕೂರುತ್ತಿದ್ದ. ಪಕ್ಕದ ಸೋಫಾದ ಮೇಲೆ ಸಿನಿಮಾ ನಟಿಯೋ, ಆಟಗಾರನೋ, ಪುಸ್ತಕ ಬರೆದವರೋ ಬಂದು ಕೂತು ಹರಟೆ ಹೊಡೆಯುತ್ತಿದ್ದರು. ಚಾನೆಲ್ ಬದಲಾಯಿಸಿದರೆ ಅಲ್ಲೂ ಅದೇ ಪರದೆ, ಅದೇ ಮೇಜು, ಅದೇ ಸೂಟು. ಅವರಲ್ಲಿ ಇಬ್ಬರ ಹೆಸರು ಜಿಮ್ಮಿ ಎಂದೇ ಇದ್ದುದರಿಂದ ಯಾರು ಯಾರೆಂದು ತಿಳಿಯಲು ನನಗೆ ಒಂದು ವಾರ ಹಿಡಿಯಿತು. "ಅಲ್ವೇ, ನಿಮ್ಮ ಈ ದೇಶದಲ್ಲಿ ರಾತ್ರಿ ಹೊತ್ತು ಹೆಂಗಸರಿಗೆ ಮಾತು ಬರೋದಿಲ್ವೇನೇ?" ಎಂದು ಮಗಳನ್ನು ಕೇಳಿದೆ. ಅವಳು ನಕ್ಕು ಸುಮ್ಮನಾದಳು.

ಸೆಪ್ಟೆಂಬರ್ ನಾಲ್ಕರಂದು ಉತ್ತರ ಸಿಕ್ಕಿತು. ಅಂದು ಯಾವ ಚಾನೆಲ್ ಹಾಕಿದರೂ ಒಬ್ಬಳೇ ಹೆಂಗಸಿನ ಮುಖ. ಹೊಂಬಣ್ಣದ ಕೂದಲು, ಎಷ್ಟೋ ಸಲ ಕತ್ತರಿ ಹಾಕಿಸಿಕೊಂಡು ಬಿಗಿ ಮಾಡಿಸಿದ ಕೆನ್ನೆ, ಕಿವಿಯಲ್ಲಿ ದಪ್ಪ ಓಲೆ. ಗಂಟಲಿನ ಯಾವುದೋ ಸಣ್ಣ ಚಿಕಿತ್ಸೆಗೆಂದು ಹೋದವಳು ಮರಳಿ ಎಚ್ಚರಗೊಳ್ಳಲಿಲ್ಲವಂತೆ. ವಯಸ್ಸು 81. ಹೆಸರು ಜೋನ್ ರಿವರ್ಸ್. "ಅಮ್ಮಾ, ನೀನು ಕೇಳಿದ್ಯಲ್ಲ, ಆ ಮೇಜಿನ ಹಿಂದೆ ಕೂತಿದ್ದವಳು ಇವಳೇ. ಏಳು ತಿಂಗಳು ಕೂತಿದ್ದಳು, ಅಷ್ಟೇ" ಎಂದಳು ಮಗಳು.

ಏಳು ತಿಂಗಳು! ಬಾಣಂತನಕ್ಕೆ ಬಂದ ನನಗೇ ಆ ದೇಶ ಆರು ತಿಂಗಳು ಕೊಟ್ಟಿತ್ತು. ಅಳಿಯನ ಕಾರ್ಡಿನ ಮೇಲೆ ಊರಿನ ಲೈಬ್ರರಿಯಿಂದ ಪುಸ್ತಕ ತರಿಸಿ, ಕೂಸು ಮಲಗಿದ ಹೊತ್ತಿನಲ್ಲಿ ಓದತೊಡಗಿದೆ. ಓದಿದಷ್ಟೂ ಇದು ಎಲ್ಲೋ ದೂರದ ಕಥೆ ಅನ್ನಿಸಲಿಲ್ಲ. ಯಾಕೆಂದು ಮುಂದೆ ಹೇಳುತ್ತೇನೆ.

ಮೊದಲು ಆ ಮೇಜಿನ ಸಂಗತಿ. ಎನ್‌ಬಿಸಿ ಎಂಬ ಟೀವಿ ಕಂಪನಿ 1954ರಲ್ಲಿ 'ಟುನೈಟ್' ಎಂಬ ತಡರಾತ್ರಿಯ ಕಾರ್ಯಕ್ರಮವನ್ನು ಶುರು ಮಾಡಿತು. ಮೊದಲು ನಡೆಸಿದವನು ಸ್ಟೀವ್ ಅಲೆನ್, 1957ರಲ್ಲಿ ಬಂದವನು ಜ್ಯಾಕ್ ಪಾರ್, 1962ರ ಅಕ್ಟೋಬರ್ ಒಂದರಂದು ಬಂದು ಕೂತವನು ಜಾನಿ ಕಾರ್ಸನ್. ಕೂತವನು ಮೂವತ್ತು ವರ್ಷ ಏಳಲಿಲ್ಲ. ಅಮೆರಿಕದ ಗಂಡ ಹೆಂಡಿರು ದಿನವೂ ಹಾಸಿಗೆಯಲ್ಲಿ ಮಲಗಿಕೊಂಡು ಅವನನ್ನು ನೋಡಿ, ನಕ್ಕು, ದೀಪ ಆರಿಸುತ್ತಿದ್ದರು. ಹೊಸದಾಗಿ ಹಾಸ್ಯ ಹೇಳಲು ಬಂದವರು ತಮ್ಮ ಐದು ನಿಮಿಷ ಮುಗಿಸಿದ ಮೇಲೆ ಕಾರ್ಸನ್ ಕೈಸನ್ನೆ ಮಾಡಿ ಸೋಫಾಕ್ಕೆ ಕರೆದನೆಂದರೆ ಅವರ ಹಣೆಬರಹವೇ ತಿರುಗಿತೆಂದು ಲೆಕ್ಕ. ಕರೆಯದಿದ್ದರೆ ಬಂದ ದಾರಿಗೆ ಸುಂಕವಿಲ್ಲ.

ಇಲ್ಲೊಂದು ಮಾತು ಹೇಳಿಬಿಡಬೇಕು. ಈ ಎಲ್ಲ ಗಂಡಸರಿಗಿಂತ ಮೊದಲು, 1950ರ ಸುಮಾರಿಗೆ, ಫೇ ಎಮರ್ಸನ್ ಎಂಬ ನಟಿ ರಾತ್ರಿ ಹೊತ್ತಿನಲ್ಲಿ ಹದಿನೈದು ನಿಮಿಷದ ಮಾತುಕತೆಯ ಕಾರ್ಯಕ್ರಮ ನಡೆಸುತ್ತಿದ್ದಳು. ಆಗಿನ್ನೂ ಟೀವಿ ಎಂಬುದೇ ಕೂಸು, ಅದರಲ್ಲಿ ದುಡ್ಡಿರಲಿಲ್ಲ. ದುಡ್ಡು ಬಂದ ಮೇಲೆ ಹೆಂಗಸರನ್ನು ಹಗಲಿಗೆ ಕಳಿಸಿದರು. ಮಧ್ಯಾಹ್ನದ ಅಡಿಗೆ, ಉಡುಪು, ಮಕ್ಕಳ ಕೆಮ್ಮು ಅವರ ಪಾಲು, ರಾತ್ರಿ ಗಂಡಸರ ಪಾಲು. ಎಮರ್ಸನ್ನಳ ಹೆಸರನ್ನು ಈಗ ಹುಡುಕಿ ತೆಗೆಯಬೇಕು.

ಜೋನ್ ಹುಟ್ಟಿದ್ದು 1933ರ ಜೂನ್ ಎಂಟರಂದು, ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ. ತಂದೆ ತಾಯಿ ರಷ್ಯದಿಂದ ಬಂದು ನೆಲೆಸಿದ ಯಹೂದಿಗಳು. ತಂದೆ ಡಾಕ್ಟರು. ಆದರೆ ಆತನ ಸಂಪಾದನೆಗೂ ತಾಯಿಯ ಅಂತಸ್ತಿನ ಆಸೆಗೂ ತಾಳೆಯಾಗದೆ ಮನೆಯಲ್ಲಿ ನಿತ್ಯ ಕಿರಿಕಿರಿ ಎಂದು ಆಕೆಯೇ ಬರೆದುಕೊಂಡಿದ್ದಾಳೆ. ಬಾರ್ನಾರ್ಡ್ ಎಂಬ ಹೆಸರಾಂತ ಹೆಣ್ಣುಮಕ್ಕಳ ಕಾಲೇಜಿನಲ್ಲಿ 1954ರಲ್ಲಿ ಪದವಿ. ಅಷ್ಟು ಓದಿದ ಡಾಕ್ಟರ ಮಗಳು ಒಳ್ಳೆಯ ಗಂಡು ನೋಡಿ ಮದುವೆಯಾಗುವುದು ಬಿಟ್ಟು, ಹೊಗೆ ತುಂಬಿದ ಸಣ್ಣ ಸಣ್ಣ ಕ್ಲಬ್ಬುಗಳಲ್ಲಿ ನಿಂತು ಕುಡಿದವರ ಮುಂದೆ ಹಾಸ್ಯ ಹೇಳುತ್ತೇನೆ ಎಂದರೆ ಯಾವ ತಾಯಿ ಒಪ್ಪುತ್ತಾಳೆ? ಯುದ್ಧವೇ ನಡೆಯಿತು. ಅವಕಾಶ ಹುಡುಕಿಕೊಡಬೇಕಿದ್ದ ಒಬ್ಬ ಏಜೆಂಟ್ ಹೆಸರು ಬದಲಾಯಿಸು ಎಂದ. ಅವನ ಹೆಸರಿನ ಕೊನೆಯಲ್ಲಿ ರಿವರ್ಸ್ ಎಂದಿತ್ತು, ಅದನ್ನೇ ಇಟ್ಟುಕೊಂಡುಬಿಟ್ಟಳು. ಮೊಲಿನ್ಸ್ಕಿ ಹೋಗಿ ರಿವರ್ಸ್ ಆದಳು.

ಟುನೈಟ್‌ನವರು ಎಷ್ಟೋ ಸಲ ಬೇಡವೆಂದ ಮೇಲೆ, 1965ರ ಫೆಬ್ರುವರಿ 17ರಂದು ಕೊನೆಗೂ ಕರೆದರು. ಮೂವತ್ತೊಂದು ವರ್ಷದ ಆಕೆಯ ಮಾತು ಕೇಳಿ ಕಾರ್ಸನ್ ಮೇಜಿನ ಮೇಲೆ ಬಗ್ಗಿ ನಕ್ಕ. ಕಣ್ಣೊರೆಸಿಕೊಂಡು, ನೀನು ದೊಡ್ಡ ತಾರೆಯಾಗುತ್ತೀಯೆ ಎಂದು ಎಲ್ಲರೆದುರಿಗೇ ಹೇಳಿದ. ಮಾರನೆಯ ದಿನದಿಂದ ಬದುಕೇ ಬೇರೆಯಾಯಿತು ಎಂದು ಆಕೆ ಸಾಯುವ ತನಕ ಹೇಳಿಕೊಂಡಳು. ಆ ಋಣವನ್ನು ಆಕೆ ಎಂದೂ ಮುಚ್ಚಿಡಲಿಲ್ಲ. ಅದೇ ವರ್ಷ ಜುಲೈಯಲ್ಲಿ ಎಡ್ಗರ್ ರೋಸೆನ್‌ಬರ್ಗ್ ಎಂಬ ನಿರ್ಮಾಪಕನನ್ನು, ಭೇಟಿಯಾದ ಕೆಲವೇ ದಿನಗಳಲ್ಲಿ ಮದುವೆಯಾದಳು. 1968ರಲ್ಲಿ ಮೆಲಿಸ್ಸಾ ಹುಟ್ಟಿದಳು.

ಆಕೆ ಏನು ಹೇಳಿ ನಗಿಸುತ್ತಿದ್ದಳು ಗೊತ್ತೇ? ತನ್ನ ಚಂದವಿಲ್ಲದ ಮುಖ, ಬಾರದ ಅಡಿಗೆ, ಮದುವೆಯಾಗಲಿಲ್ಲವೆಂದು ತಾಯಿ ಪಟ್ಟ ಪಾಡು, ಹೆರಿಗೆ. ನಾವು ಬಾವಿಕಟ್ಟೆಯ ಮೇಲೆ, ಮದುವೆಮನೆಯ ಉಗ್ರಾಣದಲ್ಲಿ ತರಕಾರಿ ಹೆಚ್ಚುತ್ತ ಆಡಿಕೊಳ್ಳುವ ಮಾತುಗಳನ್ನೇ ಎತ್ತಿಕೊಂಡು ಹೋಗಿ ದೀಪದ ಬೆಳಕಿನಲ್ಲಿ ನಿಂತು ಆಡಿದಳು, ಅಷ್ಟೆ. ಅಷ್ಟೆ ಎಂದೆನಲ್ಲ, ಆ ಕಾಲಕ್ಕೆ ಅದು ಸಣ್ಣದಲ್ಲ. ಎಂಟು ತಿಂಗಳ ಬಸುರಿಯಾಗಿ ಟೀವಿಯಲ್ಲಿ ನಿಂತಾಗಲೂ ಬಸುರು ಎಂಬ ಪದ ಬಳಸಕೂಡದೆಂದು ತಾಕೀತು ಮಾಡಿದ್ದರಂತೆ. ಹೊಟ್ಟೆ ಎಲ್ಲರಿಗೂ ಕಾಣುತ್ತಿದೆ, ಆದರೆ ಹೆಸರು ಹೇಳುವಂತಿಲ್ಲ! ಜನರ ಕಡೆ ತಿರುಗಿ "ಸ್ವಲ್ಪ ಮಾತಾಡೋಣವೇ?" ಎಂದು ಕೇಳುವುದು ಆಮೇಲೆ ಆಕೆಯ ಗುರುತಿನ ಮಾತೇ ಆಯಿತು.

ಆಕೆಯ ನಾಲಗೆ ಒಳ್ಳೆಯದಿತ್ತು ಎಂದು ನಾನು ಹೇಳಲಾರೆ. ತನ್ನನ್ನು ಹಂಗಿಸಿಕೊಂಡು ಸಾಕಾದ ಮೇಲೆ ಬೇರೆಯವರನ್ನು ಹಂಗಿಸತೊಡಗಿದಳು. ಎಲಿಜಬೆತ್ ಟೇಲರ್ ದಪ್ಪಗಾದಾಗ ವರ್ಷಗಟ್ಟಲೆ ಅದೇ ಒಂದು ವಿಷಯ. ಮಗಳು ಹಳೆಯ ವಿಡಿಯೋ ಹಾಕಿ ತೋರಿಸಿದಾಗ ನಾನು ಎದ್ದು ಒಳಗೆ ಹೋದೆ. ಮೈ ದಪ್ಪಗಾದ ಹೆಂಗಸಿನ ಸಂಕಟ ಇನ್ನೊಬ್ಬ ಹೆಂಗಸಿಗೆ ಗೊತ್ತಿರಬೇಡವೇ?

ಇರಲಿ. ಕಾರ್ಸನ್ ರಜೆ ಪ್ರಿಯ. ವರ್ಷದಲ್ಲಿ ಹಲವು ವಾರ ಅವನು ಬರುತ್ತಿರಲಿಲ್ಲ. ಆಗೆಲ್ಲ ಯಾರಾದರೂ ಒಬ್ಬರನ್ನು ಕರೆದು ಮೇಜಿನ ಹಿಂದೆ ಕೂರಿಸುವುದು ರೂಢಿ. 1983ರಲ್ಲಿ ಆ ಕೆಲಸವನ್ನು ಖಾಯಂ ಆಗಿ ಜೋನ್‌ಗೆ ಕೊಟ್ಟರು. ಯಜಮಾನ ಇಲ್ಲದ ದಿನ ಆಕೆಯೇ. ಆ ವಾರಗಳಲ್ಲಿ ನೋಡುವವರು ಕಡಿಮೆಯಾಗಲಿಲ್ಲ. ಪತ್ರಿಕೆಗಳೆಲ್ಲ ಹೊಗಳಿದವು.

ಇದನ್ನು ಓದುವಾಗ ನನಗೆ ನಮ್ಮತ್ತೆಯ ಸೊಂಟದ ಬೀಗದ ಕೈ ಗೊಂಚಲು ನೆನಪಾಯಿತು. ಅತ್ತೆ ಮಗಳ ಮನೆಗೆ ಹೋಗುವಾಗ ಅದು ನನ್ನ ಸೊಂಟಕ್ಕೆ ಬರುತ್ತಿತ್ತು. "ನನ್ನ ಸೊಸೆ ಇದ್ದಾಳೆ, ನನಗೇನು ಚಿಂತೆ" ಎಂದು ಬಸ್‌ಸ್ಟ್ಯಾಂಡಿನ ತನಕ ಸಿಕ್ಕಿದವರಿಗೆಲ್ಲ ಹೇಳಿಕೊಂಡು ಹೋಗುತ್ತಿದ್ದರು. ಇವರಿಗೆ ವರ್ಗವಾಗಿ ನಾವು ಬೇರೆ ಊರಿನಲ್ಲಿ ಒಲೆ ಹೂಡಬೇಕಾದಾಗ ಅದೇ ಅತ್ತೆ ನನ್ನೊಡನೆ ಎರಡು ವರ್ಷ ಮಾತು ಬಿಟ್ಟರು. ವರ್ಗ ಮಾಡಿಸಿದ್ದು ಸರ್ಕಾರ. ತಪ್ಪು ನನ್ನದು.

1986 ಬಂತು. ಎನ್‌ಬಿಸಿ ಕಾರ್ಸನ್‌ನ ಕರಾರನ್ನು ಎರಡು ವರ್ಷಕ್ಕೆ ಮುಂದುವರಿಸಿ ತನ್ನದನ್ನು ಒಂದೇ ವರ್ಷಕ್ಕೆ ಎಂದಿತು ಎಂದು ಜೋನ್ ಬರೆದಿದ್ದಾಳೆ. ಅದಕ್ಕಿಂತ ಹೆಚ್ಚು ಚುಚ್ಚಿದ್ದು ಒಂದು ಪಟ್ಟಿ. ಕಾರ್ಸನ್ ನಿವೃತ್ತನಾದರೆ ಆ ಜಾಗಕ್ಕೆ ಯಾರು ಎಂದು ಕಂಪನಿಯ ಒಳಗೆ ಹತ್ತು ಹೆಸರು ಬರೆದಿದ್ದರಂತೆ, ಅದು ಆಕೆಯ ಕೈ ಸೇರಿತಂತೆ. ಹತ್ತರಲ್ಲಿ ಆಕೆಯ ಹೆಸರು ಇರಲಿಲ್ಲ. ಮೂರು ವರ್ಷ ಆ ಕುರ್ಚಿಯನ್ನು ಬೆಚ್ಚಗಿಟ್ಟವಳು ಲೆಕ್ಕಕ್ಕೇ ಇಲ್ಲ.

ನಾನು ಪುಸ್ತಕ ಮುಚ್ಚಿಟ್ಟದ್ದು ಅಲ್ಲಿ. ನನ್ನ ಕಥೆ ಹೇಳುತ್ತೇನೆ, ಬೇಸರಿಸಬೇಡಿ. ಮಲೆನಾಡಿನ ಒಂದು ಊರಿನ ಖಾಸಗಿ ಪ್ರೌಢಶಾಲೆಯಲ್ಲಿ ನಾನು ಸಮಾಜ ವಿಜ್ಞಾನದ ಟೀಚರು. 1991ರಿಂದ ಮೂರು ವರ್ಷ ನಮ್ಮ ಹೆಡ್‌ಮಾಸ್ಟರು ಕಾಯಿಲೆಯಿಂದ ಶಾಲೆಗೆ ಬಂದದ್ದಕ್ಕಿಂತ ಬಾರದಿದ್ದುದೇ ಹೆಚ್ಚು. ನಾನು ಪ್ರಭಾರ. ಎಸ್ಸೆಸ್ಸೆಲ್ಸಿ ಅರ್ಜಿಗಳು, ಸಂಬಳದ ಬಿಲ್ಲು, ತಪಾಸಣೆಗೆ ಬಂದವರಿಗೆ ಊಟ, ಮಳೆಗಾಲಕ್ಕೆ ಸೋರುವ ಹೆಂಚು, ಎಲ್ಲ ನನ್ನ ತಲೆಗೆ. ಸಹಿ ಮಾಡುವಾಗ ಹೆಸರಿನ ಕೆಳಗೆ "ಪ್ರಭಾರಿ" ಎಂದು ಬರೆಯಬೇಕು, ಮರೆತರೆ ಕಾಗದ ವಾಪಸು ಬರುತ್ತಿತ್ತು. ಆಡಳಿತ ಮಂಡಳಿಯವರು ವಾರ್ಷಿಕೋತ್ಸವದಲ್ಲಿ ನನ್ನನ್ನು "ಶಾಲೆಯ ತಾಯಿ" ಎಂದು ಕರೆದು ಹಣ್ಣಿನ ತಟ್ಟೆ ಕೊಟ್ಟರು. ಹೆಡ್‌ಮಾಸ್ಟರು ತೀರಿಕೊಂಡ ಮೇಲೆ ಆ ಜಾಗಕ್ಕೆ ಮೂರು ಹೆಸರು ಪರಿಶೀಲಿಸಿದರು. ನನಗಿಂತ ಆರು ವರ್ಷ ಚಿಕ್ಕ ಮೇಷ್ಟರ ಹೆಸರಿತ್ತು, ಹೊರಗಿನವರೊಬ್ಬರದಿತ್ತು, ಮಂಡಳಿಯವರ ನೆಂಟರೊಬ್ಬರದಿತ್ತು. ಸಭೆಯ ನಡಾವಳಿಯನ್ನು ನೀಟಾಗಿ ಬರೆದುಕೊಟ್ಟವಳು ನಾನೇ, ನನ್ನ ಅಕ್ಷರ ಚೆನ್ನಾಗಿದೆಯೆಂದು.

ಜೋನ್‌ಗೆ ಆಗ ಬೇರೊಂದು ಬಾಗಿಲು ತೆರೆಯಿತು. ರೂಪರ್ಟ್ ಮರ್ಡೋಕ್ ಎಂಬ ಪತ್ರಿಕಾ ದೊರೆ ಟೀವಿ ಸ್ಟೇಷನ್ನುಗಳನ್ನು ಕೊಂಡು ಫಾಕ್ಸ್ ಎಂಬ ಹೊಸ ಜಾಲ ಕಟ್ಟುತ್ತಿದ್ದ. ಅದುವರೆಗೆ ಅಮೆರಿಕದಲ್ಲಿ ದೊಡ್ಡ ಜಾಲಗಳು ಮೂರೇ. ನಾಲ್ಕನೆಯದಕ್ಕೆ ಉದ್ಘಾಟನೆಯ ಹೆಸರೊಂದು ಬೇಕಿತ್ತು. ಮರ್ಡೋಕ್‌ಗಾಗಿ ಅದನ್ನು ನಡೆಸುತ್ತಿದ್ದ ಬ್ಯಾರಿ ಡಿಲ್ಲರ್ ಜೋನ್‌ಳ ಹೆಸರೇ ಸರಿ ಎಂದ. ಸ್ವಂತ ಮೇಜು, ಸ್ವಂತ ಹೆಸರಿನ ಕಾರ್ಯಕ್ರಮ, ಗಂಡನೇ ಮುಖ್ಯ ನಿರ್ಮಾಪಕ. ಮಾತುಕತೆ ಗುಟ್ಟಾಗಿ ನಡೆಯಿತು. ಏಪ್ರಿಲ್‌ನಲ್ಲಿ ಆಕೆ ತನ್ನ ಆತ್ಮಕಥೆಯ ಪ್ರಚಾರಕ್ಕೆಂದು ಕಾರ್ಸನ್‌ನ ಸೋಫಾದ ಮೇಲೆ ಕೂತು ಬಂದಳು. ಅವನಿಗೆ ಒಂದು ಮಾತೂ ಹೇಳಲಿಲ್ಲ. ಮೇ ಆರರಂದು ಸುದ್ದಿ ಪ್ರಕಟವಾಯಿತು. ಅಷ್ಟು ಹೊತ್ತಿಗೆ ಎನ್‌ಬಿಸಿಯವರಿಗೆ ಹೇಗೋ ಸುಳಿವು ಹತ್ತಿ, ಕಾರ್ಸನ್‌ನ ಕಿವಿಗೆ ಬೇರೆಯವರ ಬಾಯಿಂದ ಬಿದ್ದಿತ್ತು. ಜೋನ್ ಫೋನು ಮಾಡಿದಳು. ಅವನು ಇಟ್ಟುಬಿಟ್ಟ. ಮತ್ತೆ ಮಾಡಿದಳು. ಮತ್ತೆ ಇಟ್ಟ. ಇದು ಆಕೆ ಹೇಳುವುದು. ಆದರೆ ಅದಾದ ಮೇಲೆ ಅವನು ಸಾಯುವ ತನಕ, ಅಂದರೆ 2005ರ ತನಕ, ಹತ್ತೊಂಬತ್ತು ವರ್ಷ ಆಕೆಯೊಡನೆ ಒಂದು ಮಾತೂ ಆಡಲಿಲ್ಲ ಎಂಬುದು ಎಲ್ಲರೂ ಬಲ್ಲ ಸಂಗತಿ.

ಉಂಡ ಮನೆಯ ಜಂತೆ ಎಣಿಸಿದವಳು ಎಂದರು ಜನ. ನಮ್ಮ ಮಾತಿನಲ್ಲಿ ಅಲ್ಲದಿದ್ದರೂ ಅರ್ಥ ಅದೇ. ನಾನೂ ಮೊದಲು ಹಾಗೇ ಅಂದುಕೊಂಡೆ. ನೋಡಿ, ನಮ್ಮಲ್ಲಿ ಪಕ್ಕದ ಮನೆಗೆ ಹೊರಟರೂ "ಹೋಗಿ ಬರ್ತೀನಿ" ಎಂದು ಹೇಳಿ ಹೊರಡಬೇಕು. ಇಪ್ಪತ್ತೊಂದು ವರ್ಷದ ಋಣ, ಎದುರು ಹೋಗಿ ನಿಂತು ಹೇಳಬಹುದಿತ್ತು. ಆಕೆಯ ಕಡೆಯವರು ಏನು ಹೇಳಿದರೂ ಅದೊಂದು ತಪ್ಪು ನನ್ನ ಮನಸ್ಸಿನಿಂದ ಹೋಗುವುದಿಲ್ಲ. ಆದರೆ ಇನ್ನೊಂದು ಮಾತೂ ಇದೆ. ಆಕೆಗಿಂತ ಮೊದಲು ಜೋಯಿ ಬಿಷಪ್ ಎಂಬ ಹಾಸ್ಯಗಾರ ಹೀಗೇ ಕಾರ್ಸನ್‌ನ ಬದಲಿಗೆ ಕೂರುತ್ತಿದ್ದವನು, 1967ರಲ್ಲಿ ಎದುರಾಳಿ ಕಂಪನಿಯಲ್ಲಿ ತಡರಾತ್ರಿಯ ಕಾರ್ಯಕ್ರಮ ಶುರು ಮಾಡಿದ. 1969ರಲ್ಲಿ ಅದು ಬಿದ್ದುಹೋಯಿತು. ಆಮೇಲೆ ಅವನು ಮತ್ತೆ ಕಾರ್ಸನ್‌ನ ಮೇಜಿನ ಹಿಂದೆ ಬದಲಿಗನಾಗಿ ಬಂದು ಕೂತ! ಗಂಡುಮಗ ಮನೆ ಬಿಟ್ಟು ಹೋಗಿ ಸೋತು ಬಂದರೆ ತಟ್ಟೆ ಹಾಕುತ್ತಾರೆ. ಹೇಳದೆ ಹೋದದ್ದೇ ತಪ್ಪೋ, ಹೋದದ್ದೇ ತಪ್ಪೋ? ಆಕೆ ಎದುರು ಬಂದು ಹೇಳಿದ್ದರೆ ಕಾರ್ಸನ್ ಹರಸಿ ಕಳಿಸುತ್ತಿದ್ದನೇ? ನೀವೇ ಹೇಳಿ.

1986ರ ಅಕ್ಟೋಬರ್ ಒಂಬತ್ತು, ಗುರುವಾರ. 'ದಿ ಲೇಟ್ ಶೋ ಸ್ಟಾರಿಂಗ್ ಜೋನ್ ರಿವರ್ಸ್' ಶುರುವಾಯಿತು. ಅದು ಆ ಕಾರ್ಯಕ್ರಮದ್ದಷ್ಟೇ ಅಲ್ಲ, ಫಾಕ್ಸ್ ಎಂಬ ಜಾಲದ್ದೇ ಮೊದಲ ರಾತ್ರಿ. ಹೊತ್ತು ಹನ್ನೊಂದು, ಅಂದರೆ ಕಾರ್ಸನ್ ಬರುವುದಕ್ಕೆ ಅರ್ಧ ಗಂಟೆ ಮೊದಲು. ಪರದೆ ಸರಿದು ಹೊರಗೆ ಬಂದವಳು ಐವತ್ತಮೂರು ವರ್ಷದ ಹೆಂಗಸು. ಆ ವಯಸ್ಸಿಗೆ ನಮ್ಮಲ್ಲಿ ಹೊಸ ಸೀರೆಯನ್ನೂ ತಿಳಿಬಣ್ಣದ್ದೇ ಆರಿಸಬೇಕು. ಅತಿಥಿಗಳು ನಾಲ್ವರು. ಗಾಯಕಿ ಮತ್ತು ನಟಿ ಶೇರ್, ಹಾಡುಗಾರರಾದ ಎಲ್ಟನ್ ಜಾನ್ ಮತ್ತು ಡೇವಿಡ್ ಲೀ ರಾತ್, ಮಕ್ಕಳಂತೆ ಆಡಿ ನಗಿಸುವ ಪೀ-ವೀ ಹರ್ಮನ್. ಎಲ್ಟನ್ ಜಾನ್ ಪಿಯಾನೋ ನುಡಿಸಿ ಹಾಡುವಾಗ ಜೋನ್ ತಾನೂ ದನಿಗೂಡಿಸಿದಳು. ಮಗಳು ಅದನ್ನು ಕಂಪ್ಯೂಟರಿನಲ್ಲಿ ಹುಡುಕಿ ಹಾಕಿಕೊಟ್ಟಳು. ರಾಗ ತಾಳದ ಸಂಗತಿ ಬಿಡಿ. ಹೊಸ ಮನೆಯ ಗೃಹಪ್ರವೇಶದ ದಿನ ಮನೆಯೊಡತಿಯ ದನಿಯಲ್ಲಿ ಒಂದು ಬಗೆಯ ಏರು ಇರುತ್ತದಲ್ಲ, ಅದಿತ್ತು.

ಆದರೆ ಮನೆ ಗಟ್ಟಿಯಿರಲಿಲ್ಲ. ಫಾಕ್ಸ್ ಸೇರಿಕೊಂಡಿದ್ದ ಸ್ಟೇಷನ್ನುಗಳು ಸುಮಾರು ನೂರು, ಅವುಗಳಲ್ಲಿ ಎಷ್ಟೋ ಬಡಪಾಯಿ ಸ್ಟೇಷನ್ನುಗಳು. ಮನೆಯ ಆಂಟೆನಾ ಸರಿಯಾಗಿ ತಿರುಗಿಸಿದರೆ ಮಾತ್ರ ಚಿತ್ರ ನಿಲ್ಲುತ್ತಿತ್ತು. ಎನ್‌ಬಿಸಿಯಲ್ಲಿ ಸಂಜೆಯ ಧಾರಾವಾಹಿ ನೋಡಿ, ಸುದ್ದಿ ನೋಡಿ, ಅದೇ ಚಾನೆಲ್ಲಿನಲ್ಲಿ ಕಾರ್ಸನ್‌ನನ್ನು ನೋಡಿ ಮಲಗುವುದು ಜನರ ಅಭ್ಯಾಸ. ಫಾಕ್ಸ್‌ನಲ್ಲಿ ಹಾಗೆ ಕೈ ಹಿಡಿದು ಕರೆತರುವ ಕಾರ್ಯಕ್ರಮ ಯಾವುದೂ ಇರಲಿಲ್ಲ. ಸಂಜೆಯ ಕಾರ್ಯಕ್ರಮಗಳು ಶುರುವಾದದ್ದೇ 1987ರ ಏಪ್ರಿಲ್‌ನಲ್ಲಿ. ಅಲ್ಲಿಯ ತನಕ ಒಂದೇ ಸರಕಿನ ಅಂಗಡಿ. ಇದರ ಮೇಲೆ, ಜೋನ್‌ಳ ಸೋಫಾದಲ್ಲಿ ಕೂತವರಿಗೆ ಕಾರ್ಸನ್‌ನ ಸೋಫಾ ಇಲ್ಲ ಎಂಬ ಮಾತು ಹಬ್ಬಿತು. ದೊಡ್ಡ ನಟರು ಹಿಂಜರಿದರು.

ಅದೇ ಕಾಲದಲ್ಲಿ ನಮ್ಮ ಊರಿನಲ್ಲಿ ಏನಾಗುತ್ತಿತ್ತೆಂದು ಲೆಕ್ಕ ಹಾಕಿದೆ. 1987ರ ಜನವರಿ 25ರಂದು ದೂರದರ್ಶನದಲ್ಲಿ ರಾಮಾಯಣ ಶುರುವಾಯಿತಲ್ಲ. ನಮ್ಮ ಬೀದಿಯಲ್ಲಿ ಎರಡೇ ಟೀವಿ. ಭಾನುವಾರ ಬೆಳಿಗ್ಗೆ ಹೆಂಗಸರೆಲ್ಲ ತಲೆಗೆ ನೀರು ಹಾಕಿಕೊಂಡು ಹೋಗಿ ಚಾಪೆಯ ಮೇಲೆ ಕೂರುತ್ತಿದ್ದೆವು, ಟೀವಿಗೆ ಕುಂಕುಮ ಇಟ್ಟವರೂ ಇದ್ದರು. ಪ್ರಪಂಚದ ಆ ತುದಿಯಲ್ಲಿ ಒಬ್ಬ ಹೆಂಗಸು ಟೀವಿಯ ಒಳಗೆ ಒಂದು ಕುರ್ಚಿ ಉಳಿಸಿಕೊಳ್ಳಲು ಒದ್ದಾಡುತ್ತಿದ್ದಾಳೆಂದು ನಮಗೆ ಯಾರು ಹೇಳಬೇಕು?

ನೋಡುವವರ ಸಂಖ್ಯೆ ಇಳಿಯಿತು. ಜಗಳ ಏರಿತು. ಎಡ್ಗರ್ ಹೃದಯದ ಕಾಯಿಲೆ ಅನುಭವಿಸಿ ಎದ್ದವನು, ಮೊದಲೇ ಖಿನ್ನ. ಡಿಲ್ಲರ್‌ಗೂ ಅವನಿಗೂ ಎಣ್ಣೆ ಸೀಗೇಕಾಯಿ. ಗಂಡನನ್ನು ಅಲ್ಲಿ ತಂದು ಕೂರಿಸಿದ್ದು ಜೋನ್ ಮಾಡಿದ ಎರಡನೆಯ ತಪ್ಪೆಂದು ಎಲ್ಲರೂ ಬರೆದಿದ್ದಾರೆ. ಇರಬಹುದು. ಆದರೆ ಇಪ್ಪತ್ತೊಂದು ವರ್ಷ ಹೆಂಡತಿಯ ಬ್ಯಾಗು ಹಿಡಿದುಕೊಂಡು ಊರೂರು ತಿರುಗಿದ ಗಂಡನಿಗೆ, ಕೊನೆಗೊಂದು ಸ್ವಂತ ಮನೆ ಸಿಕ್ಕಾಗ, "ನೀವು ಹೊರಗಿರಿ" ಎನ್ನಲು ಆಗುತ್ತದೆಯೇ? ಕಂಪನಿಯವರು ಎಡ್ಗರ್ ಹೋಗಲಿ ಎಂದರು. ಅವರು ಹೋದರೆ ನಾನೂ ಇಲ್ಲ ಎಂದಳು. ಹಾಗಾದರೆ ಇಬ್ಬರೂ ಹೋಗಿ ಎಂದರು. 1987ರ ಮೇ 15ರಂದು ಆಕೆಯ ಕೊನೆಯ ರಾತ್ರಿ.

ಅದೇ ಆಗಸ್ಟ್ 14ರಂದು ಫಿಲಡೆಲ್ಫಿಯಾದ ಹೋಟೆಲೊಂದರಲ್ಲಿ ಎಡ್ಗರ್ ತನ್ನ ಜೀವ ತಾನೇ ತೆಗೆದುಕೊಂಡ. ಮಗಳಿಗೆ ಹತ್ತೊಂಬತ್ತು ವರ್ಷ. ತಂದೆಯ ಸಾವಿಗೆ ತಾಯಿಯೇ ಕಾರಣವೆಂದು ಮಗಳು ಕೆಲವು ಕಾಲ ಮುನಿಸಿಕೊಂಡಿದ್ದಳು. ಕೆಲಸಕ್ಕೆ ಕರೆಯುವವರಿಲ್ಲ. ಕೈಯಲ್ಲಿ ದುಡ್ಡಿಲ್ಲ. ಒಂದು ದಿನ ತಾನೂ ಸತ್ತುಬಿಡಬೇಕೆಂದು ಕೂತಿದ್ದಾಗ ಸ್ಪೈಕ್ ಎಂಬ ಅಂಗೈಯಗಲದ ನಾಯಿ ಮಡಿಲಿಗೆ ಹಾರಿ ಕೂತಿತಂತೆ. ನಾನು ಹೋದರೆ ಇದನ್ನು ಯಾರು ನೋಡಿಕೊಳ್ಳುತ್ತಾರೆ ಎಂದು ಎದ್ದಳಂತೆ. ಇದನ್ನು ಓದಿ ನನಗೇನೂ ಆಶ್ಚರ್ಯವಾಗಲಿಲ್ಲ. ನಮ್ಮಲ್ಲಿ ಎಷ್ಟು ಹೆಂಗಸರು ಕರೆಯುವ ಹಸುವಿನ ದನಿ ಕೇಳಿ ಬಾವಿಕಟ್ಟೆಯಿಂದ ವಾಪಸು ಬಂದಿದ್ದಾರೋ!

ಎದ್ದವಳು ಮತ್ತೆ ಕೂರಲಿಲ್ಲ. ರಾತ್ರಿ ಮುಚ್ಚಿದ್ದರಿಂದ ಹಗಲಿಗೆ ಹೋದಳು. 1989ರಲ್ಲಿ ಶುರುವಾದ ಹಗಲಿನ ಕಾರ್ಯಕ್ರಮಕ್ಕೆ 1990ರಲ್ಲಿ ಎಮ್ಮಿ ಪ್ರಶಸ್ತಿ ಬಂತು. ಟೀವಿಯಲ್ಲಿ ಓಲೆ, ಸರ ಮಾರಿದಳು, ಅದರಿಂದಲೇ ಚೆನ್ನಾಗಿ ದುಡಿದಳು. ಮುನಿಸು ತೀರಿದ ಮಗಳನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಪ್ರಶಸ್ತಿ ಸಮಾರಂಭಕ್ಕೆ ಬರುವ ತಾರೆಯರ ಉಡುಪಿನ ಹುಳುಕು ಎತ್ತಿದಳು. ಬರುವ ಯಾವ ಕೆಲಸಕ್ಕೂ ಇಲ್ಲ ಎನ್ನಲಿಲ್ಲ. 2010ರಲ್ಲಿ ಆಕೆಯ ಮೇಲೆ ಬಂದ ಸಾಕ್ಷ್ಯಚಿತ್ರದಲ್ಲಿ ಆಕೆಯ ಮನೆಯ ಒಂದು ಬೀರು ತೋರಿಸುತ್ತಾರೆ. ಅದರ ಖಾನೆಗಳ ತುಂಬ ಸಣ್ಣ ಸಣ್ಣ ಕಾರ್ಡುಗಳು, ಒಂದೊಂದರ ಮೇಲೆ ಒಂದೊಂದು ಹಾಸ್ಯ, ವಿಷಯವಾರು ಅಕ್ಷರಾನುಕ್ರಮದಲ್ಲಿ. ಸಾಂಬಾರ ಡಬ್ಬಿಗಳಿಗೆ ಚೀಟಿ ಅಂಟಿಸಿ ಇಟ್ಟಹಾಗೆ. 2023ರಲ್ಲಿ ಅವನ್ನೆಲ್ಲ ನ್ಯೂಯಾರ್ಕ್ ರಾಜ್ಯದ ಜೇಮ್ಸ್‌ಟೌನ್‌ನಲ್ಲಿರುವ ಹಾಸ್ಯದ ಮ್ಯೂಸಿಯಮ್ಮಿಗೆ ಕೊಟ್ಟರು. ಎಣಿಸಿದರೆ 65,000ಕ್ಕೂ ಹೆಚ್ಚಂತೆ.

ಕಾರ್ಸನ್ 1992ರ ಮೇ 22ರಂದು ನಿವೃತ್ತನಾದ. ಅವನ ಜಾಗಕ್ಕೆ ಬಂದ ಜೇ ಲೆನೋ ಕೂಡ ಜೋನ್‌ಳನ್ನು ಕರೆಯಲಿಲ್ಲ. ಯಜಮಾನ ಹೋದರೂ ಮುನಿಸು ಮನೆಯ ಆಸ್ತಿಯಾಗಿ ಉಳಿಯಿತು. ಆಕೆ ಕೂತಿದ್ದಂಥ ಮೇಜಿನ ಹಿಂದೆ ಆಮೇಲೂ ಅಲ್ಲೊಬ್ಬಳು ಇಲ್ಲೊಬ್ಬಳು ಬಂದು ಹೋದರು. 2019ರಲ್ಲಿ ಎನ್‌ಬಿಸಿಯೇ ಲಿಲ್ಲಿ ಸಿಂಗ್ ಎಂಬ ನಮ್ಮ ಪಂಜಾಬಿ ಮೂಲದ ಹುಡುಗಿಗೆ ರಾತ್ರಿ ಒಂದೂವರೆಯ ಆಚೆಗೆ ಜಾಗ ಕೊಟ್ಟಿತು. ಎರಡು ವರ್ಷ ನಡೆಯಿತು. ಒಂದೂವರೆ ಎಂದರೆ ಕೂಸಿಗೆ ಎರಡನೆಯ ಸಲ ಹಾಲು ಕುಡಿಸುವ ಹೊತ್ತು, ನಮ್ಮಂಥವರಿಗಂತೂ ಅನುಕೂಲ.

ಇನ್ನೊಂದು ಸಂಗತಿ ಹೇಳಲೇಬೇಕು. 2014ರ ಫೆಬ್ರುವರಿ 17. ಆ ಇಬ್ಬರು ಜಿಮ್ಮಿಗಳಲ್ಲಿ ಒಬ್ಬನಾದ ಜಿಮ್ಮಿ ಫ್ಯಾಲನ್‌ಗೆ ಟುನೈಟ್ ಮೇಜಿನ ಹಿಂದೆ ಮೊದಲ ರಾತ್ರಿ. ಕ್ಯಾಲಿಫೋರ್ನಿಯಾಕ್ಕೆ ಹೋಗಿದ್ದ ಕಾರ್ಯಕ್ರಮ ಎಷ್ಟೋ ವರ್ಷಗಳ ಮೇಲೆ ನ್ಯೂಯಾರ್ಕಿನ ಅದೇ ಹಳೆಯ ಕಟ್ಟಡಕ್ಕೆ ಮರಳಿತ್ತು. ನಾನು ಈ ಮೇಜಿಗೆ ಬರಲಾರೆನೆಂದು ಒಬ್ಬ ಗೆಳೆಯ ನೂರು ಡಾಲರ್ ಬಾಜಿ ಕಟ್ಟಿದ್ದ, ಅವನು ದುಡ್ಡು ಕೊಡಬೇಕು ಎಂದು ಫ್ಯಾಲನ್ ತಮಾಷೆಗೆ ಹೇಳುತ್ತಾನೆ. ಹೇಳಿದ್ದೇ ತಡ, ಒಬ್ಬರ ಹಿಂದೆ ಒಬ್ಬರು ದೊಡ್ಡ ದೊಡ್ಡ ತಾರೆಯರು ಬಂದು ಮೇಜಿನ ಮೇಲೆ ದುಡ್ಡು ಇಟ್ಟು ಹೋಗುತ್ತಾರೆ. ಆ ಸಾಲಿನಲ್ಲಿ ಜೋನ್ ರಿವರ್ಸ್ ಬರುತ್ತಾಳೆ. ಕೆಲವೇ ಕ್ಷಣ. ಕಾರ್ಸನ್ ಆಕೆಯನ್ನು ನೋಡಿ ಕಣ್ಣೊರೆಸಿಕೊಂಡ ರಾತ್ರಿಗೆ ಅಂದಿಗೆ ಸರಿಯಾಗಿ ನಲವತ್ತೊಂಬತ್ತು ವರ್ಷ, ಅದೇ ತಾರೀಕು. ಮುಂದಿನ ತಿಂಗಳು ಕರೆಸಿ ಸೋಫಾದ ಮೇಲೂ ಕೂರಿಸಿದರು. ಅದಾಗಿ ಆರು ತಿಂಗಳು ತುಂಬುವುದರೊಳಗೆ ಆಕೆ ಇರಲಿಲ್ಲ.

ಆ ಕೆಲವು ಕ್ಷಣಗಳನ್ನು ನಾನು ಮಗಳ ಕಂಪ್ಯೂಟರಿನಲ್ಲಿ ಮೂರು ಸಲ ಹಿಂದೆ ತಿರುಗಿಸಿ ನೋಡಿದೆ. ಮಗಳು ಪಕ್ಕದಲ್ಲಿ ಕೂತು ಕೂಸಿನ ಬಟ್ಟೆ ಮಡಿಸುತ್ತಿದ್ದಳು.

"ನಿನಗೊಂದು ವಿಷಯ ಹೇಳಿಲ್ಲ" ಎಂದೆ. "ಆ ವರ್ಷ, ಸ್ಕೂಲಿನಲ್ಲಿ ಹಾಗಾಯ್ತಲ್ಲ, ಆಮೇಲೆ ಬೇರೆ ಊರಿನ ಒಂದು ಹೈಸ್ಕೂಲಿನಿಂದ ನನಗೆ ಕಾಗದ ಬಂದಿತ್ತು. ಹೆಡ್‌ಮಿಸ್ಟ್ರೆಸ್ ಆಗಿ ಬನ್ನಿ ಅಂತ."

"ಹೋಗಲಿಲ್ಲ ಯಾಕೆ?"

"ಇಷ್ಟು ವರ್ಷ ಅನ್ನ ಹಾಕಿದ ಸ್ಕೂಲು. ಏನಂದುಕೊಳ್ತಾರೋ ಅಂತ."

"ಅಪ್ಪ ಏನಂದ್ರು?"

"ಅಪ್ಪಂಗೆ ಹೇಳಿರಲಿಲ್ಲ."

ಅವಳು ಮಡಿಸುವುದನ್ನು ನಿಲ್ಲಿಸಿದಳು. "ಆ ಕಾಗದ ಈಗ ಎಲ್ಲಿದೆ ಅಮ್ಮ?"

ಅಡಿಗೆಮನೆಯ ಮೇಲಟ್ಟದ ಟ್ರಂಕಿನಲ್ಲಿ, ನನ್ನ ಧಾರೆ ಸೀರೆಯ ಮಡಿಕೆಯೊಳಗೆ ಇದೆ ಎನ್ನುವಷ್ಟರಲ್ಲಿ ಕೂಸು ಎದ್ದು ಕುಯ್ಯೋ ಎಂದಿತು. ನಾನು ಹಾಲು ಬಿಸಿ ಮಾಡಲು ಎದ್ದೆ.